ಅರ್ಧ ದಿನದ ಬ್ಯಾಂಕಾಕಿನಲ್ಲಿ ಸಾಲದೇ ಹೋದ ರಾಮಾಯಣ

ಶುಕ್ರವಾರ

ಸುವರ್ಣಭೂಮಿ ವಿಮಾನ ನಿಲ್ದಾಣದ ತಳಮಹಡಿಯಿಂದ ಹೊರಡುವ ರೈಲು ಅರ್ಧ ಗಂಟೆಗೆಲ್ಲ ನಮ್ಮನ್ನು ಫಯಾ ಥಾಯ್ ನಿಲ್ದಾಣಕ್ಕೆ ತಂದು ಬಿಟ್ಟಿತು. ತಲೆಗೆ 45 ಬಾತ್. ರೈಲು ಎತ್ತರದ ಕಂಬಗಳ ಮೇಲೆ ಓಡುತ್ತಿದ್ದಾಗ ಕೆಳಗಿನ ಹೆದ್ದಾರಿಯಲ್ಲಿ ಅಲುಗಾಡದೆ ನಿಂತ ಕೆಂಪು ದೀಪಗಳ ಸಾಲು ಕಾಣುತ್ತಿತ್ತು. ಟ್ಯಾಕ್ಸಿ ಹಿಡಿದಿದ್ದರೆ ನಾವೂ ಆ ಸಾಲಿನಲ್ಲೇ ಇರುತ್ತಿದ್ದೆವು.

ನನ್ನ ಜೊತೆ ಅಮ್ಮ. ಹೈಸ್ಕೂಲಿನಲ್ಲಿ ಕನ್ನಡ ಪಾಠ ಹೇಳಿ ನಿವೃತ್ತಳಾದವಳು, ಗಮಕ ಕಲಿತವಳು, ಮೊಣಕಾಲು ನೋವಿನವಳು. ಈ ಮೂರನೆಯ ಕಾರಣಕ್ಕಾಗಿ ನಾನು ಹೋಟೆಲಿನ ಕೌಂಟರಿನಲ್ಲಿ ಅರ್ಧ ದಿನದ ನಗರ ಪ್ರವಾಸಕ್ಕೆ ಹೆಸರು ಬರೆಸಿದೆ. ಮೊದಲೆರಡರ ಪರಿಣಾಮವನ್ನು ಮರುದಿನ ಮಾರ್ಗದರ್ಶಿ ಅನುಭವಿಸಿದಳು.

ಕೊಡೆ ಎತ್ತಿ ಹಿಡಿದವರ ಹಿಂದೆ ಸಾಲಾಗಿ ನಡೆಯುವುದೆಂದರೆ ನನಗೆ ಮೊದಲಿನಿಂದಲೂ ಆಗದು. ಆದರೆ ಜನವರಿಯಲ್ಲೂ ಹತ್ತು ಗಂಟೆಗೆ ಬಿಸಿಲು ನೆತ್ತಿ ಸುಡುವ ಊರಿನಲ್ಲಿ, ನೋವಿರುವ ಕಾಲುಗಳನ್ನು ಜೊತೆಗಿಟ್ಟುಕೊಂಡು, ಎಲ್ಲಿ ಇಳಿಯಬೇಕು, ಯಾವ ಬಾಗಿಲಲ್ಲಿ ಚೀಟಿ ಕೊಡುತ್ತಾರೆ ಎಂದು ಅಲೆಯುವುದಕ್ಕಿಂತ ಒಂದು ವ್ಯಾನು, ಒಬ್ಬರು ಬಲ್ಲವರು ಇದ್ದರೆ ಒಳ್ಳೆಯದೆಂದು ಒಪ್ಪಿಕೊಂಡೆ. ಕೌಂಟರಿನ ಹುಡುಗ ಬಣ್ಣದ ಚೀಟಿಗಳನ್ನು ಇಸ್ಪೀಟಿನಂತೆ ಹರಡಿದ. ದೇವಾಲಯಗಳು ಮಾತ್ರ, ದೇವಾಲಯ ಮತ್ತು ಕಾಲುವೆ, ತೇಲುವ ಮಾರುಕಟ್ಟೆ, ಅಯುತ್ಥಯ. ಚಿನ್ನದ ಬುದ್ಧ, ಅರಮನೆ, ಮಲಗಿದ ಬುದ್ಧ ಎಂಬ ಮೂರು ಜಾಗಗಳ ಚೀಟಿಯನ್ನು ಆರಿಸಿದೆವು. ಕೆಳಗೆ ಸಣ್ಣ ಅಕ್ಷರದಲ್ಲಿ 'ರತ್ನಗಳ ಪ್ರದರ್ಶನಕ್ಕೆ ಭೇಟಿ' ಎಂದೂ ಇತ್ತು. ಅದು ಬೇಡ ಎಂದರೆ ಬೆಲೆ ಎಷ್ಟಾಗುತ್ತದೆ ಎಂದು ಕೇಳಿದಾಗ ಹುಡುಗ ನಕ್ಕ. ಅಂಥ ಚೀಟಿಯೇ ಅವನ ಬಳಿ ಇರಲಿಲ್ಲ.

ಊಟದ ವಿಷಯದಲ್ಲಿ ಒಂದು ಮಾತು. ಇಲ್ಲಿ ಸೊಪ್ಪಿನ ಪಲ್ಯಕ್ಕೂ ಮೀನಿನ ಸಾಸ್ ಬೀಳುತ್ತದೆ. ಹಳದಿ ಬಾವುಟದ ಮೇಲೆ ಕೆಂಪು ಬಣ್ಣದಲ್ಲಿ 'ಜೇ' ಎಂಬ ಥಾಯ್ ಅಕ್ಷರಗಳಿರುವ ಅಂಗಡಿಗಳಲ್ಲಿ ಮಾತ್ರ ಮೀನು, ಮಾಂಸ, ಮೊಟ್ಟೆ ಯಾವುದೂ ಇರುವುದಿಲ್ಲ. ಬೆಳ್ಳುಳ್ಳಿಯನ್ನೂ ಹಾಕುವುದಿಲ್ಲ. ಹೋಟೆಲಿನ ಹಿಂದಿನ ಗಲ್ಲಿಯಲ್ಲಿ ಅಂಥದೊಂದು ಸಿಕ್ಕಿತು. ಅಮ್ಮ ಎರಡು ಸಲ ಅನ್ನ ಹಾಕಿಸಿಕೊಂಡಳು.

ಶನಿವಾರ ಬೆಳಿಗ್ಗೆ

ಏಳೂವರೆಗೆ ಬರಬೇಕಿದ್ದ ವ್ಯಾನು ಹತ್ತು ನಿಮಿಷ ಮೊದಲೇ ಬಂದು ನಿಂತಿತ್ತು. ಒಳಗೆ ಮನಿಲಾದ ದಂಪತಿ, ಕೊರಿಯಾದ ಇಬ್ಬರು ಹುಡುಗಿಯರು, ಮಾತೇ ಆಡದ ಒಬ್ಬ ಜರ್ಮನ್ ಮುದುಕ. ಮಾರ್ಗದರ್ಶಿ ಐವತ್ತರ ಆಸುಪಾಸಿನ ಹೆಂಗಸು. ಕೊರಳಲ್ಲಿ ಪರವಾನಗಿಯ ಚೀಟಿ, ಕೈಯಲ್ಲಿ ಕಿತ್ತಳೆ ಬಣ್ಣದ ಮಡಚಿದ ಕೊಡೆ. ಥಾಯ್ಲೆಂಡಿನಲ್ಲಿ ಈ ಕೆಲಸ ಕಾನೂನಿನ ಪ್ರಕಾರ ಥಾಯ್ ಪ್ರಜೆಗಳಿಗೇ ಮೀಸಲು. ಹೊರದೇಶದವರು ಎಷ್ಟೇ ಓದಿಕೊಂಡಿದ್ದರೂ ಗುಂಪಿಗೆ ವಿವರಣೆ ಕೊಟ್ಟು ಹಣ ಪಡೆಯುವಂತಿಲ್ಲ. ಆಕೆ ನಮ್ಮ ಚಪ್ಪಲಿ, ತೋಳು, ಮೊಣಕಾಲುಗಳನ್ನು ಒಮ್ಮೆ ನೋಡಿದಳು. ಕೊರಿಯಾದ ಹುಡುಗಿಯರಲ್ಲಿ ಒಬ್ಬಳು ಗಿಡ್ಡ ಚಡ್ಡಿ ಹಾಕಿದ್ದಳು. ಮಾರ್ಗದರ್ಶಿ ಸೀಟಿನ ಕೆಳಗಿನಿಂದ ಆನೆಗಳ ಚಿತ್ರವಿರುವ ಸಡಿಲ ಪೈಜಾಮವೊಂದನ್ನು ತೆಗೆದು ಕೊಟ್ಟು, ಅಮ್ಮನ ಸೀರೆಯ ಕಡೆ ತಿರುಗಿ "ಇಷ್ಟಿದ್ದರೆ ಅರಮನೆಯಲ್ಲಿ ಯಾರೂ ತಡೆಯುವುದಿಲ್ಲ" ಎಂದಳು.

ಮೊದಲು ಚೈನಾಟೌನಿನ ಅಂಚಿನ ವಾಟ್ ತ್ರೈಮಿತ್. ವಾಟ್ ಎಂದರೆ ಇಲ್ಲಿ ದೇವಾಲಯ. ಮೂರು ಮೀಟರ್ ಎತ್ತರದ, ಐದೂವರೆ ಟನ್ ತೂಕದ ಚಿನ್ನದ ಬುದ್ಧ ಅಲ್ಲಿ ಕುಳಿತಿದ್ದಾನೆ. ಹಳೆಯ ಸುಖೋತಾಯ್ ರಾಜ್ಯದ ಶೈಲಿಯ ವಿಗ್ರಹ. ಯಾವುದೋ ಕಾಲದಲ್ಲಿ ಶತ್ರುಗಳ ಕಣ್ಣು ತಪ್ಪಿಸಲು ಯಾರೋ ಅದಕ್ಕೆ ಗಾರೆ ಮೆತ್ತಿದ್ದರು. ಮೆತ್ತಿದವರು ಹೋದರು, ವಿಷಯ ಬಲ್ಲವರೂ ಉಳಿಯಲಿಲ್ಲ. ಸಾಮಾನ್ಯ ಗಾರೆ ಬುದ್ಧನೆಂದೇ ಅದು ತಗಡಿನ ಮಾಡಿನ ಕೆಳಗೆ ದಿನ ಕಳೆಯಿತು. 1955ರಲ್ಲಿ ಹೊಸ ಕಟ್ಟಡಕ್ಕೆ ಎತ್ತಿಡುವಾಗ ಹಗ್ಗ ಹರಿದು ವಿಗ್ರಹ ನೆಲಕ್ಕೆ ಬಿತ್ತು, ಗಾರೆ ಬಿರುಕು ಬಿಟ್ಟಿತು, ಒಳಗಿನದು ಹೊಳೆಯಿತು. ಮಾರ್ಗದರ್ಶಿ ಹಗ್ಗ ಹರಿಯುವ ಕಡೆ ಸರಿಯಾಗಿ ಮಾತು ನಿಲ್ಲಿಸಿ ಕೊಡೆಯನ್ನು ಟಪ್ಪೆಂದು ಬೀಳಿಸಿದಳು. ಕಥೆ ಸಾವಿರ ಸಲ ಹೇಳಿದ್ದಿರಬಹುದು, ಆದರೂ ಜರ್ಮನ್ ಮುದುಕ ಬೆಚ್ಚಿದ. ವಿಗ್ರಹ ಮೇಲಂತಸ್ತಿನಲ್ಲಿದೆ. ಮೆಟ್ಟಿಲು ಹತ್ತಿ ಇಳಿಯುವುದರಲ್ಲೇ ಅಮ್ಮನ ಉತ್ಸಾಹ ಅರ್ಧ ಕರಗಿತು. ಆಗ ಮಾರ್ಗದರ್ಶಿ ತನ್ನ ಚೀಲದಿಂದ ಹೆಬ್ಬೆರಳಿನಷ್ಟು ಉದ್ದದ ಪ್ಲಾಸ್ಟಿಕ್ ಕೊಳವೆ ತೆಗೆದು ಅಮ್ಮನ ಮೂಗಿಗೆ ಹಿಡಿದಳು. ಪುದೀನ ಸತ್ವ, ಕರ್ಪೂರ, ಇನ್ನೇನೋ ಬೇರುಗಳ ಘಾಟು. ಈ ಊರಿನಲ್ಲಿ ಬಸ್ಸಿನ ಕಂಡಕ್ಟರನಿಂದ ಕಾಲೇಜು ಹುಡುಗಿಯವರೆಗೆ ಎಲ್ಲರ ಜೇಬಿನಲ್ಲೂ ಇದು ಇರುತ್ತದೆ, ಮಾತಿನ ನಡುವೆಯೇ ಒಂದು ಮೂಗಿನ ಹೊಳ್ಳೆಗೆ ಸಿಕ್ಕಿಸಿ ಎಳೆಯುತ್ತಾರೆ. ಅಮ್ಮ ಮೂರು ಸಲ ಎಳೆದು "ನಡಿ" ಎಂದಳು.

ಅರಮನೆಯ ಎದುರಿನ ರಸ್ತೆಯಲ್ಲಿ ವ್ಯಾನು ನಿಲ್ಲುವಂತಿಲ್ಲ. ಉದುರಿದಂತೆ ಇಳಿಯಬೇಕು. "ಇಲ್ಲಿಂದ ಬಾಗಿಲವರೆಗೆ ಯಾರೇ ಬಂದು ಅರಮನೆ ಇವತ್ತು ಮುಚ್ಚಿದೆ ಎಂದರೂ ನಂಬಬೇಡಿ" ಎಂದು ಮಾರ್ಗದರ್ಶಿ ಎಚ್ಚರಿಸಿದಳು. ಇಲ್ಲಿನ ಹಳೆಯ ಕಸುಬು ಇದು: ಮುಚ್ಚಿದೆ ಎಂದು ನಂಬಿಸಿ, ಅಗ್ಗದ ದರಕ್ಕೆ ಟುಕ್‌ಟುಕ್ ಹತ್ತಿಸಿ, ದರ್ಜಿ ಅಂಗಡಿಗೋ ರತ್ನದ ಅಂಗಡಿಗೋ ಒಯ್ಯುವುದು. ಪ್ರತಿ ಗುಂಪಿಗೂ ಈ ಎಚ್ಚರಿಕೆ ಹೇಳುವ ನಮ್ಮ ಮಾರ್ಗದರ್ಶಿಯ ಕಾರ್ಯಕ್ರಮದಲ್ಲೂ ಒಂದು ರತ್ನದ ಅಂಗಡಿ ಇತ್ತೆಂಬುದು ಬೇರೆ ಮಾತು.

ಪ್ರವೇಶ ಶುಲ್ಕ ವಿದೇಶಿಯರಿಗೆ 500 ಬಾತ್, ಥಾಯ್ ಪ್ರಜೆಗಳಿಗೆ ಉಚಿತ. ಬರ್ಮೀಯರು 1767ರಲ್ಲಿ ಹಳೆಯ ರಾಜಧಾನಿ ಅಯುತ್ಥಯವನ್ನು ಸುಟ್ಟ ಮೇಲೆ ತಾಕ್ಸಿನ್ ರಾಜ ನದಿಯ ಆ ದಡದ ಥೋನ್‌ಬುರಿಯಲ್ಲಿ ರಾಜ್ಯ ಕಟ್ಟಿದ. ಅವನ ಸೇನಾಪತಿ 1782ರಲ್ಲಿ ತಾನೇ ಪಟ್ಟಕ್ಕೆ ಬಂದು, ರಾಜಧಾನಿಯನ್ನು ಈ ದಡಕ್ಕೆ ತಂದು, ಅರಮನೆಗೆ ಅಡಿಪಾಯ ಹಾಕಿಸಿದ. ಆತನೇ ಮೊದಲನೆಯ ರಾಮ. ಚಕ್ರಿ ವಂಶದ ಅರಸರೆಲ್ಲರಿಗೂ ಈಗ ರಾಮ ಎಂಬ ಹೆಸರಿನ ಮುಂದೆ ಅಂಕಿ. ಇದನ್ನೆಲ್ಲ ಆಕೆ ಹೇಳಿದ್ದು ಭದ್ರತಾ ತಪಾಸಣೆಯ ಸಾಲಿನಲ್ಲಿ, ಇಂಚಿಂಚಾಗಿ ಮುಂದೆ ಸರಿಯುತ್ತಾ. ಸಾಲು ನಿಂತ ಹೊತ್ತನ್ನು ಪಾಠವಾಗಿ ಬಳಸುವ ಈ ಕಲೆ ಅಮ್ಮನಿಗೆ ಬಹಳ ಹಿಡಿಸಿತು.

ಒಳಗೆ ಹೊಕ್ಕ ಕೂಡಲೇ ಕಣ್ಣಿಗೆ ಬೀಳುವುದು ಬಾಗಿಲು ಕಾಯುವ ಯಕ್ಷರು. ಗದೆ ಊರಿ ನಿಂತ, ಮನುಷ್ಯನ ಮೂರು ಪಾಲು ಎತ್ತರದ, ಬಣ್ಣದ ಗಾಜು ಹೆಂಚಿನ ಚೂರುಗಳನ್ನು ಮೈಗೆ ಹೊದ್ದ ದೈತ್ಯರು. ಹಸಿರು ಮೈಯವನ ಕಿರೀಟದಲ್ಲಿ ಮುಖದ ಮೇಲೆ ಮುಖ ಪೇರಿಸಿದ್ದಾರೆ.

"ಯಾರು ಹೇಳಿ?" ಎಂದಳು ಮಾರ್ಗದರ್ಶಿ.

"ರಾವಣ" ಎಂದಳು ಅಮ್ಮ, ತರಗತಿಯಲ್ಲಿ ಕೈಯೆತ್ತಿದ ಹುಡುಗಿಯ ಹುರುಪಿನಲ್ಲಿ.

"ನಾವು ತೋತ್ಸಕನ್ ಎನ್ನುತ್ತೇವೆ. ಇಲ್ಲಿ ಕಾವಲುಗಾರ."

"ಸೀತೆಯನ್ನು ಕದ್ದವನನ್ನು ಬಾಗಿಲು ಕಾಯಲು ಇಟ್ಟಿದ್ದೀರಾ?"

ಮಾರ್ಗದರ್ಶಿ ಆಗಲೇ ಅಮ್ಮನನ್ನು ಗುರುತಿಟ್ಟುಕೊಂಡಳೆಂದು ಕಾಣುತ್ತದೆ.

ಪಚ್ಚೆ ಬುದ್ಧನ ಗುಡಿ ಎಲ್ಲರೂ ನೋಡಬಂದ ಜಾಗ. ಹೆಸರಿಗೆ ಪಚ್ಚೆಯಾದರೂ ಹಸಿರು ಜೇಡ್ ಕಲ್ಲಿನದು. ಎತ್ತರ 66 ಸೆಂಟಿಮೀಟರು, ಕುಳಿತಿರುವ ಪೀಠವೇ ಬೆಟ್ಟದಷ್ಟು. 1434ರಲ್ಲಿ ಚಿಯಾಂಗ್ ರಾಯ್‌ನಲ್ಲಿ ಇದು ಬೆಳಕಿಗೆ ಬಂದಾಗ ಇದರ ಮೈಮೇಲೂ ಗಾರೆ ಇತ್ತಂತೆ. ಬೆಳಿಗ್ಗೆಯಿಂದ ನೋಡಿದ ಎರಡನೆಯ ಮುಚ್ಚಿಟ್ಟ ಬುದ್ಧ. ಲಾಂಪಾಂಗ್, ಚಿಯಾಂಗ್ ಮಾಯ್, ಲುವಾಂಗ್ ಪ್ರಬಾಂಗ್, ವಿಯೆಂಟಿಯಾನ್ ಎಂದು ಊರೂರು ತಿರುಗಿ, 1779ರಲ್ಲಿ ಯುದ್ಧದ ಗೆಲುವಿನೊಂದಿಗೆ ಈ ಕಡೆಗೆ ಬಂತು. ಬೇಸಿಗೆ, ಮಳೆಗಾಲ, ಚಳಿಗಾಲಕ್ಕೆ ಬೇರೆ ಬೇರೆ ಉಡುಪು. ಬದಲಾಯಿಸುವುದು ಸ್ವತಃ ಅರಸ. ನಾವು ನೋಡಿದಾಗ ಚಳಿಗಾಲದ ಉಡುಪು, ಕುತ್ತಿಗೆಯಿಂದ ಕೆಳಗೆ ಮೈಯನ್ನೆಲ್ಲ ಮುಚ್ಚಿದ ಚಿನ್ನದ ಜಾಲರಿ. ಹೊರಗೆ ಮೂವತ್ತೆರಡು ಡಿಗ್ರಿ ಬಿಸಿಲು. ಕಾಲು ಬುದ್ಧನ ಕಡೆ ಚಾಚದೆ ಮಡಚಿ ಕೂರಬೇಕು, ಒಳಗೆ ಫೋಟೊ ತೆಗೆಯುವಂತಿಲ್ಲ. ಮೊಣಕಾಲು ಮಡಚಲಾಗದ ಅಮ್ಮ ಹಿಂದಿನ ಗೋಡೆಯ ಬಳಿ ನಿಂತೇ ಕೈ ಮುಗಿದಳು. ಕಾವಲುಗಾರ ನೋಡಿ ಮುಖ ತಿರುಗಿಸಿಕೊಂಡ. ಆ ಸೌಜನ್ಯಕ್ಕೆ ನಾನು ಮನಸ್ಸಿನಲ್ಲೇ ಕೈ ಮುಗಿದೆ.

ಹೊರಬಂದರೆ ಅಂಗಳದ ಸುತ್ತ ಮಾಡು ಹೊದಿಸಿದ ಪಡಸಾಲೆ. ಗೋಡೆಯ ಉದ್ದಕ್ಕೂ ಚಿತ್ರಗಳು, ಒಟ್ಟು 178 ಅಂಕಣಗಳಲ್ಲಿ ಇಡೀ ರಾಮಾಯಣ. ಇಲ್ಲಿ ಅದರ ಹೆಸರು ರಾಮಕಿಯೆನ್. ಮೊದಲನೆಯ ರಾಮನ ಕಾಲದಲ್ಲಿ ಕಾವ್ಯವಾಗಿ ಬರೆಸಿದ್ದು, ಗೋಡೆಗಳ ಮೇಲೂ ಆಗಲೇ ಬರೆಸಿದ್ದು. ಸೆಕೆ ಮತ್ತು ತೇವಕ್ಕೆ ಬಣ್ಣ ನಿಲ್ಲದೆ ಮತ್ತೆ ಮತ್ತೆ ತಿದ್ದಿಸಿದ್ದಾರೆ.

"ಇಲ್ಲಿಗೆ ಹತ್ತು ನಿಮಿಷ" ಎಂದಳು ಮಾರ್ಗದರ್ಶಿ.

ಅಮ್ಮ ಆಕೆಯ ಮುಖವನ್ನೂ ಗೋಡೆಯ ಉದ್ದವನ್ನೂ ನೋಡಿದಳು. ಆ ಹತ್ತು ನಿಮಿಷದಲ್ಲಿ ನಾವು ನೋಡಿದ್ದು ಒಂದೇ ಚಿತ್ರ. ಬೆಟ್ಟದಷ್ಟು ಬೆಳೆದ ಬಿಳಿಯ ಹನುಮಂತ ಬಾಯಿ ತೆರೆದಿದ್ದಾನೆ, ಬಾಯೊಳಗೆ ಬಂಗಾರದ ಮಂಟಪ, ಮಂಟಪದೊಳಗೆ ರಾಮ. ರಾಮನನ್ನು ಯಾರೋ ಕದ್ದೊಯ್ಯಬಾರದೆಂದು ಬಾಯಲ್ಲೇ ಇಟ್ಟುಕೊಂಡು ಕಾಯುತ್ತಿದ್ದಾನೆ ಎಂದು ಮಾರ್ಗದರ್ಶಿ ವಿವರಿಸಿದಳು.

"ಮೈರಾವಣ!" ಎಂದಳು ಅಮ್ಮ. "ಯಕ್ಷಗಾನದಲ್ಲಿ ನೋಡಿದ್ದೇನೆ. ಆದರೆ ಅಲ್ಲಿ ಹನುಮಂತ ಬಾಲದಿಂದ ಕೋಟೆ ಕಟ್ಟುತ್ತಾನೆ."

"ಇಲ್ಲಿ ಬಾಯಿ. ಆದರೂ ಮೈಯರಾಪ್ ಕದ್ದುಕೊಂಡು ಹೋಗುತ್ತಾನೆ. ಹನುಮಂತ ಪಾತಾಳಕ್ಕೆ ಇಳಿದಾಗ ಕಾವಲಿಗೆ ನಿಂತವನು ಯಾರು ಗೊತ್ತೇ? ಅವನ ಮಗನೇ."

"ಬೆವರಿನ ಹನಿಯನ್ನು ಮೀನು ನುಂಗಿ ಹುಟ್ಟಿದವನು."

"ಬೆವರೇ? ಅಲ್ಲ ಮಮ್ಮಿ. ಮತ್ಸ್ಯಕನ್ಯೆಯನ್ನು ಮದುವೆಯಾಗಿದ್ದ."

ಅಮ್ಮ ಸೆರಗು ಸರಿಪಡಿಸಿಕೊಂಡಳು. ಮಾರ್ಗದರ್ಶಿಗೆ ಈಗ ಹುರುಪು ಬಂತು. ಸೇತುವೆಗೆ ಹಾಕಿದ ಕಲ್ಲುಗಳನ್ನು ಸಮುದ್ರದಡಿಯಲ್ಲಿ ಯಾರೋ ಕದಿಯುತ್ತಿದ್ದರು. ಹನುಮಂತ ಮುಳುಗಿ ನೋಡಿದರೆ ರಾವಣನ ಮಗಳು, ಅರ್ಧ ಮೀನು. ಜಗಳಕ್ಕೆ ಹೋದವನು ಪ್ರೀತಿಸಿ ಬಂದ. ಅದಕ್ಕೂ ಮೊದಲು ವಿಭೀಷಣನ ಮಗಳು ಸೀತೆಯ ಹೆಣದ ವೇಷದಲ್ಲಿ ನದಿಯಲ್ಲಿ ತೇಲಿ ಬಂದಾಗ, ಅನುಮಾನದಿಂದ ಚಿತೆಗೆ ಹಾಕಿಸಿ ಮೋಸ ಹಿಡಿದವನೂ ಅವನೇ, ಆಮೇಲೆ ಅವಳಿಗೇ ಮನಸೋತವನೂ ಅವನೇ. ನಮ್ಮ ಬ್ರಹ್ಮಚಾರಿಯ ಬಗ್ಗೆ ಇದನ್ನೆಲ್ಲ ಕೇಳಿ ಅಮ್ಮ ಸಿಟ್ಟಾಗುತ್ತಾಳೆ ಎಂದುಕೊಂಡೆ. ಅವಳು ಕೇಳಿದ್ದು ಒಂದೇ ಪ್ರಶ್ನೆ: "ಸೀತೆ ಯಾರ ಮಗಳು, ನಿಮ್ಮಲ್ಲಿ?"

"ತೋತ್ಸಕನ್‌ನ ಮಗಳು. ರಾವಣನ ಸ್ವಂತ ಮಗಳು."

"ನಮ್ಮ ಜನಪದರಲ್ಲೂ ಹಾಗೆಯೇ ಹಾಡುವವರಿದ್ದಾರೆ" ಎಂದಳು ಅಮ್ಮ. "ರಾವಣನೇ ಬಸಿರಾಗುತ್ತಾನೆ. ಸೀನಿದಾಗ ಮಗು ಮೂಗಿನಿಂದ ಹುಟ್ಟುತ್ತದೆ."

ಈ ಸಲ ಬೆಚ್ಚಿದ್ದು ಮಾರ್ಗದರ್ಶಿ. ಕೊರಿಯಾದ ಹುಡುಗಿಯರಿಗೆ ಅದನ್ನು ಹೇಗೆ ಹೇಳುವುದೆಂದು ಅವಳು ತಡವರಿಸುತ್ತಿರುವಾಗಲೇ ಹತ್ತು ನಿಮಿಷ ಮುಗಿದಿತ್ತು. ಕಿತ್ತಳೆ ಕೊಡೆ ಮೇಲೆದ್ದಿತು.

ಉಳಿದ ಅರಮನೆ ಓಡುತ್ತಲೇ ಆಯಿತು. ನಾಲ್ಕನೆಯ ರಾಮ ಮಾಡಿಸಲು ಹೇಳಿದ ಅಂಗ್‌ಕೋರ್ ವಾಟ್‌ನ ಕಲ್ಲಿನ ಮಾದರಿ. ಐದನೆಯ ರಾಮನ ಕಾಲದಲ್ಲಿ ಬ್ರಿಟಿಷ್ ವಾಸ್ತುಶಿಲ್ಪಿಯ ಕೈಯಲ್ಲಿ ಎದ್ದ ಚಕ್ರಿ ಮಹಾಪ್ರಸಾದ, ಗೋಡೆ ಕಿಟಕಿಗಳೆಲ್ಲ ಯುರೋಪು, ತಲೆಯ ಮೇಲೆ ಮಾತ್ರ ಥಾಯ್ ಶಿಖರಗಳು. ಅರಸನಿಗೆ ಗುಮ್ಮಟ ಬೇಕಿತ್ತಂತೆ, ಹಿರಿಯರು ಹೇಳಿ ಶಿಖರ ಮಾಡಿಸಿದರಂತೆ. ನನಗೆ ಆ ಕಟ್ಟಡ ಚೆನ್ನಾಗಿದೆ ಎನಿಸಲಿಲ್ಲ. ಇಷ್ಟವಾದದ್ದು ಗುಡಿಯ ಹಿಂಬದಿಯಲ್ಲಿ ಕಪ್ಪಾಗಿ ಕುಳಿತ ಋಷಿವೈದ್ಯನ ವಿಗ್ರಹ, ಅವನ ಮುಂದಿನ ಅರೆಯುವ ಕಲ್ಲು. ಬುದ್ಧನ ವೈದ್ಯ ಜೀವಕ ಎನ್ನುತ್ತಾರೆ. ಅಮ್ಮ ಅವನ ಮುಂದೆ ತನ್ನ ಮೊಣಕಾಲಿನ ವಿಷಯ ನಿವೇದಿಸಿಕೊಂಡಳು.

ವಾಟ್ ಫೋ ಅರಮನೆಯ ಬೆನ್ನಿಗೇ ಇದೆ. ಮಲಗಿದ ಬುದ್ಧ 46 ಮೀಟರ್ ಉದ್ದ, 15 ಮೀಟರ್ ಎತ್ತರ. ಕಟ್ಟಡ ಅವನಿಗೆ ಬಿಗಿ ಅಂಗಿಯಂತಿರುವುದರಿಂದ ಎಲ್ಲಿ ನಿಂತರೂ ಇಡಿಯಾಗಿ ಕಾಣುವುದಿಲ್ಲ. ಕಂಬಗಳ ನಡುವೆ ಒಂದು ಮೊಣಕೈ, ಒಂದು ಕಿವಿ, ಚಿನ್ನದ ಹೊಟ್ಟೆಯ ಇಳಿಜಾರು. ಅಂಗಾಲುಗಳ ಬಳಿ ಮಾತ್ರ ನಿಂತು ನೋಡಬಹುದು. ಕಪ್ಪು ಹಿನ್ನೆಲೆಯಲ್ಲಿ ಮುತ್ತಿನ ಚಿಪ್ಪು ಕೂರಿಸಿ 108 ಮಂಗಳ ಚಿಹ್ನೆಗಳನ್ನು ಬಿಡಿಸಿದ್ದಾರೆ, ತಲೆ ಸ್ವಲ್ಪ ಅಲುಗಿಸಿದರೆ ಚಿಪ್ಪಿನ ಬಣ್ಣ ಗುಲಾಬಿಯಿಂದ ಹಸಿರಿಗೆ ತಿರುಗುತ್ತದೆ. ಬೆನ್ನಿನ ಕಡೆ ಗೋಡೆಗುಂಟ 108 ಕಂಚಿನ ಪಾತ್ರೆಗಳು. ಇಪ್ಪತ್ತು ಬಾತ್ ಕೊಟ್ಟರೆ ಚಿಲ್ಲರೆ ನಾಣ್ಯಗಳ ಬಟ್ಟಲು ಕೊಡುತ್ತಾರೆ, ಪಾತ್ರೆಗೊಂದರಂತೆ ಹಾಕುತ್ತಾ ಹೋಗಬೇಕು. ಆ ಕಟ್ಟಡದೊಳಗೆ ಎಡೆಬಿಡದೆ ಕೇಳುವ ಟಿಣ್ ಟಿಣ್ ಸದ್ದು ಅದೇ.

ಮೂರನೆಯ ರಾಮನ ಕಾಲದಲ್ಲಿ ವೈದ್ಯ, ಕಾವ್ಯ, ಅಂಗಮರ್ದನದ ವಿದ್ಯೆಯನ್ನೆಲ್ಲ ಕಲ್ಲಿನಲ್ಲಿ ಕೆತ್ತಿಸಿ ಇಲ್ಲಿ ನಿಲ್ಲಿಸಿದರು. ಆ ಶಾಸನಗಳು ಈಗ ಯುನೆಸ್ಕೋದ ವಿಶ್ವ ಸ್ಮರಣೆಯ ಪಟ್ಟಿಯಲ್ಲಿವೆ. ಅಂಗಳದ ಕೃತಕ ಗುಡ್ಡಗಳ ಮೇಲೆ ಕೈಕಾಲು ತಿರುಚಿ ಕುಳಿತ ಋಷಿಗಳ ವಿಗ್ರಹಗಳಿವೆ. ಒಬ್ಬ ಕತ್ತು ಹಿಡಿದುಕೊಂಡಿದ್ದಾನೆ, ಇನ್ನೊಬ್ಬ ತನ್ನದೇ ಪಾದವನ್ನು ಎಳೆಯುತ್ತಿದ್ದಾನೆ. ಮುಖದಲ್ಲಿ ನಿಜವಾದ ನೋವು. ಯಾವ ಭಂಗಿ ಯಾವ ನೋವಿಗೆ ಎಂದು ಕೇಳುವಷ್ಟರಲ್ಲಿ ಮತ್ತೆ ಕೊಡೆ ಮೇಲೆದ್ದಿತು.

ಕೊನೆಯದು ರತ್ನದ ಅಂಗಡಿ. ಮೊದಲು ಕತ್ತಲೆ ಕೋಣೆಯಲ್ಲಿ ಗಣಿಗಾರಿಕೆಯ ಕಿರುಚಿತ್ರ, ಆಮೇಲೆ ಸಾಣೆ ಹಿಡಿಯುವವರ ಬೆನ್ನುಗಳ ದರ್ಶನ, ಆಮೇಲೆ ಫುಟ್‌ಬಾಲ್ ಮೈದಾನದಷ್ಟು ದೊಡ್ಡ ಮಳಿಗೆ. ಕುಟುಂಬಕ್ಕೊಬ್ಬರಂತೆ ಮಾರುವ ಹುಡುಗಿಯರು ಹಿಂದೆಯೇ ಬರುತ್ತಾರೆ, ನಿಂತರೆ ನಿಲ್ಲುತ್ತಾರೆ. ಹೊರಬರುವ ಬಾಗಿಲು ರೇಷ್ಮೆ, ಚರ್ಮದ ಚೀಲ, ಒಣಗಿಸಿದ ಹಣ್ಣುಗಳನ್ನು ದಾಟಿದ ಮೇಲೆಯೇ. ನಲವತ್ತು ನಿಮಿಷ ಎಂದಿದ್ದರು, ನಲವತ್ತೂ ಆಯಿತು.

ವ್ಯಾನಿನ ನೆರಳಿನಲ್ಲಿ ಕಾಯುತ್ತಿದ್ದ ಮಾರ್ಗದರ್ಶಿಗೆ ಅಮ್ಮ ನೇರವಾಗಿಯೇ ಹೇಳಿದಳು: "ರಾಮಾಯಣಕ್ಕೆ ಹತ್ತು ನಿಮಿಷ, ಉಂಗುರಕ್ಕೆ ನಲವತ್ತು. ಇದು ಯಾವ ಲೆಕ್ಕ?"

ಆಕೆ ತಬ್ಬಿಬ್ಬಾಗಲಿಲ್ಲ. "ಉಂಗುರದವರು ಹಣ ಕೊಡುತ್ತಾರೆ, ರಾಮ ಕೊಡುವುದಿಲ್ಲ. ನೀವು ಕೊಟ್ಟ ಹಣದಲ್ಲಿ ವ್ಯಾನು, ಪೆಟ್ರೋಲು, ಚಾಲಕ, ನಾನು, ಅರಮನೆಯ ಟಿಕೆಟ್ಟು, ಎಲ್ಲ ಬರಬೇಕಲ್ಲ" ಎಂದಳು. ನಾನು ಮನಸ್ಸಿನಲ್ಲೇ ಕೂಡಿ ಕಳೆದು ನೋಡಿದೆ. ನಿಜ, ಟಿಕೆಟ್ಟಿಗೇ ಅರ್ಧ ಹೋಗುತ್ತದೆ. ಅರ್ಧ ದಿನದ ಅಗ್ಗದ ಪ್ರವಾಸವೆಲ್ಲ ನಡೆಯುವುದು ಹೀಗೆಯೇ: ಉಳಿದ ದುಡ್ಡನ್ನು ನಮ್ಮ ಹೊತ್ತಿನಲ್ಲಿ ವಸೂಲಿ ಮಾಡುತ್ತಾರೆ. ಇದನ್ನು ಮೊದಲೇ ತಿಳಿದು ಹತ್ತಿದವರಿಗೆ ಸಿಟ್ಟು ಬರುವುದಿಲ್ಲ, ಆಯಾಸವಾಗುತ್ತದೆ ಅಷ್ಟೆ.

ಇಳಿಯುವಾಗ ಆಕೆ ಅಮ್ಮನ ಕೈ ಹಿಡಿದು ಇಳಿಸಿ, ಗುಟ್ಟು ಹೇಳುವಂತೆ ಹೇಳಿದಳು. "ನಾಳೆ ನೀವೇ ಹೋಗಿ. ಎಂಟೂವರೆಗೆ ಬಾಗಿಲು ತೆಗೆಯುತ್ತಾರೆ. ಎಲ್ಲರೂ ಪಚ್ಚೆ ಬುದ್ಧನ ಕಡೆ ಓಡುತ್ತಾರೆ, ನೀವು ಓಡಬೇಡಿ. ಉತ್ತರದ ಬಾಗಿಲಿನ ಬಳಿ ಕಥೆ ಶುರುವಾಗುತ್ತದೆ. ಬಲಕ್ಕೆ ಸುತ್ತುತ್ತಾ ನೋಡಿ." ಪ್ರವಾಸದ ಹಣ ಅಷ್ಟೂ ಈ ನಾಲ್ಕು ಮಾತಿಗೆ ಸಂದಿತೆಂದೇ ನಾನು ಲೆಕ್ಕ ಬರೆದುಕೊಂಡಿದ್ದೇನೆ.

ಶನಿವಾರ ಸಂಜೆ

ಮಧ್ಯಾಹ್ನ ಅಮ್ಮ ಕಾಲಿಗೆ ಎಣ್ಣೆ ಹಚ್ಚಿಕೊಂಡು ಮಲಗಿದಳು. ನಾಲ್ಕರ ಮೇಲೆ ಚಾವೊ ಫ್ರಯಾ ನದಿಗೆ ಹೋದೆವು. ಕಿತ್ತಳೆ ಬಾವುಟದ ದೋಣಿ, 16 ಬಾತ್, ಎಲ್ಲಿ ಬೇಕಾದರೂ ಇಳಿಯಬಹುದು. ಪ್ರವಾಸಿಗರಿಗೆಂದೇ ಬೇರೆ ದುಬಾರಿ ದೋಣಿ ಇದೆ, ಕಟ್ಟೆಯ ಮೇಲೆ ನಿಂತವರು ಅದನ್ನೇ ತೋರಿಸುತ್ತಾರೆ. ಊರವರು ಹತ್ತುವುದು ಕಿತ್ತಳೆಯದನ್ನು. ದೋಣಿ ಕಟ್ಟೆಗೆ ತಾಗುವ ಮುನ್ನ ಹಿಂಬದಿಯ ಹುಡುಗ ಸೀಟಿ ಊದುತ್ತಾನೆ. ಉದ್ದ ಸೀಟಿ, ಎರಡು ಗಿಡ್ಡ, ಮತ್ತೊಂದು ಉದ್ದ. ಮುಂದೆ ಕುಳಿತ ಚಾಲಕನಿಗೆ ಅದೇ ಕಣ್ಣು. ಹಗ್ಗ ಬಿಗಿದು ಸಡಿಲಿಸುವಷ್ಟರಲ್ಲಿ ಜನ ಜಿಗಿಯಬೇಕು. ಅಮ್ಮ ಜಿಗಿಯಲಾರಳೆಂದು ಕಂಡ ಹುಡುಗ ಸೀಟಿ ಬಾಯಲ್ಲಿಟ್ಟುಕೊಂಡೇ ಕೈ ಕೊಟ್ಟ.

ವಾಟ್ ಅರುಣ್‌ನ ಎತ್ತರದ ಗೋಪುರ ದೂರದಿಂದ ಬೂದು ಬಣ್ಣ. ಹತ್ತಿರ ಹೋದರೆ ಪೂರಾ ಪಿಂಗಾಣಿ. ಚೀನಾದ ಹಡಗುಗಳಲ್ಲಿ ಭಾರಕ್ಕೆಂದು ತುಂಬಿಕೊಂಡು ಬಂದ ತಟ್ಟೆ, ಬಟ್ಟಲುಗಳ ಚೂರುಗಳನ್ನು ಹೂವಾಗಿ ಜೋಡಿಸಿದ್ದಾರೆ. ಒಂದು ಹೂವಿನ ಎಸಳಿನಲ್ಲಿ ಯಾವುದೋ ತಟ್ಟೆಯ ಅಂಚಿನ ನೀಲಿ ಬಳ್ಳಿ ಅರ್ಧಕ್ಕೇ ನಿಂತಿತ್ತು, ಪಕ್ಕದ ಎಸಳಿನಲ್ಲಿ ಇನ್ನಾವುದೋ ತಟ್ಟೆಯದು ಮುಂದುವರಿದಿತ್ತು. ಮೇಲಿನ ಗೂಡುಗಳಲ್ಲಿ ಐರಾವತದ ಮೇಲೆ ಇಂದ್ರ. ಬಾಡಿಗೆಗೆ ತಂದ ಥಾಯ್ ಉಡುಪು ತೊಟ್ಟ ಪ್ರವಾಸಿ ಹುಡುಗಿಯರು ಪ್ರತಿ ಮೆಟ್ಟಿಲಿನಲ್ಲೂ ಫೋಟೊಗೆ ನಿಂತಿದ್ದರಿಂದ ಇಂದ್ರನನ್ನು ನೋಡಲು ಸ್ವಲ್ಪ ಕಷ್ಟವಾಯಿತು.

ಭಾನುವಾರ

ಮತ್ತೆ 500 ಬಾತ್, ಇಬ್ಬರಿಗೆ ಸಾವಿರ. ನೋಡಿದ ಜಾಗಕ್ಕೇ ಮತ್ತೆ ದುಡ್ಡೇ ಎಂದು ನಾನು ಗೊಣಗಿದೆ. "ಉಂಗುರ ಕೊಳ್ಳಲಿಲ್ಲವಲ್ಲ, ಅದರಲ್ಲಿ ಉಳಿದದ್ದು" ಎಂದಳು ಅಮ್ಮ. ಮೆಟ್ರೋದಲ್ಲಿ ಸನಮ್ ಚಾಯ್ ನಿಲ್ದಾಣಕ್ಕೆ ಬಂದು, ಅಲ್ಲಿಂದ ನಿಧಾನವಾಗಿ ನಡೆದು, ಬಾಗಿಲು ತೆರೆಯುವ ಹೊತ್ತಿಗೆ ಸಾಲಿನಲ್ಲಿದ್ದೆವು.

ಮಾರ್ಗದರ್ಶಿ ಹೇಳಿದಂತೆಯೇ ಆಯಿತು. ಜನವೆಲ್ಲ ಬುದ್ಧನ ಗುಡಿಗೆ, ಚೇದಿ ಎಂಬ ಬಂಗಾರದ ಸ್ತೂಪದ ಮುಂದಿನ ಫೋಟೊಗೆ. ಉತ್ತರದ ಮೂಲೆ ಖಾಲಿ. ಮೊದಲ ಅಂಕಣದಲ್ಲಿ ಜನಕರಾಜ ನೇಗಿಲು ಹೂಡಿದ್ದಾನೆ, ಮಣ್ಣಿನಿಂದ ಸೀತೆ ಎದ್ದಿದ್ದಾಳೆ. "ಇಲ್ಲಿಯವರೆಗೆ ಸರಿಯಾಗಿದೆ" ಎಂದಳು ಅಮ್ಮ, ಉತ್ತರ ಪತ್ರಿಕೆ ತಿದ್ದುವ ದನಿಯಲ್ಲಿ. ಕಂಬಗಳ ಮೇಲೆ ಅಮೃತಶಿಲೆಯ ಹಲಗೆಗಳಲ್ಲಿ ಆಯಾ ಚಿತ್ರಕ್ಕೆ ಪದ್ಯ ಕೆತ್ತಿದ್ದಾರೆ. ನಮಗೆ ಓದಲು ಬಾರದು, ಆದರೆ ಚಿತ್ರದ ಎದುರು ಪದ್ಯವಿರಬೇಕೆಂಬ ಏರ್ಪಾಡು ಗಮಕ ಕಲಿತವಳಿಗೆ ಸಹಜವೆನಿಸಿತು. ಅವಳು ತನಗೆ ಬಾಯಿಪಾಠವಿದ್ದ ಷಟ್ಪದಿಗಳನ್ನು ಸಣ್ಣ ದನಿಯಲ್ಲಿ ಹೇಳಿಕೊಳ್ಳುತ್ತಾ ನಡೆದಳು. ಹಾಡು ಬಾರದ ಕಡೆ ಚಿತ್ರವನ್ನಷ್ಟೇ ನೋಡಿದಳು.

ರಾಜರು, ಅರಮನೆಗಳು, ರಥಗಳಿಗೆ ಚಿನ್ನದ ರೇಕು. ಮುಖದಲ್ಲಿ ಭಾವವೇ ಇಲ್ಲ. ಯುದ್ಧದಲ್ಲೂ ರಾಮನ ತುಟಿಯ ಅಂಚು ಅಲುಗುವುದಿಲ್ಲ. ಆದರೆ ಅಂಕಣದ ಕೆಳ ಅಂಚಿಗೆ ಬಗ್ಗಿದರೆ ಬೇರೆಯೇ ಲೋಕ. ಕೋಟೆಯ ಹೊರಗೆ ಸೌದೆ ಹೊತ್ತವನು, ಗುಡಿಸಲ ಮುಂದೆ ಮಗುವಿಗೆ ಬೈಯುತ್ತಿರುವ ಹೆಂಗಸು, ಜೂಜಾಡುತ್ತಿರುವ ಸಿಪಾಯಿಗಳು. ಇವರಿಗೆ ಚಿನ್ನವಿಲ್ಲ, ಆದರೆ ಮುಖ ತುಂಬ ಭಾವ. ಒಬ್ಬ ರಾಕ್ಷಸ ಸೈನಿಕ ಲಂಕೆಯ ಗೋಡೆಯ ಮೇಲೆ ಕುಳಿತು, ಬೆನ್ನ ಹಿಂದೆ ಯುದ್ಧ ನಡೆಯುತ್ತಿದ್ದರೂ, ಆಕಳಿಸುತ್ತಿದ್ದ. ಅಮ್ಮ ಅವನ ಮುಂದೆ ಬಹಳ ಹೊತ್ತು ನಿಂತಳು. ಇನ್ನೊಂದು ಕಡೆ ಹಗ್ಗ ಕಟ್ಟಿ, ಕಲಾವಿದನೊಬ್ಬ ಮಂಡಿಯೂರಿ ಕುಳಿತು ಕೂದಲೆಳೆಯಂಥ ಕುಂಚದಿಂದ ಕಿರೀಟವೊಂದರ ಅಂಚನ್ನು ತಿದ್ದುತ್ತಿದ್ದ. ನಾವು ಆ ಮೂಲೆ ಸುತ್ತಿ ಬರುವ ಹೊತ್ತಿಗೆ ಅವನು ತೋರು ಬೆರಳಿನ ಉಗುರಿನಷ್ಟು ಮುಂದೆ ಹೋಗಿದ್ದ.

ಬಾಯಿ ತೆರೆದ ಹನುಮಂತನ ಮುಂದೆ ನಿನ್ನೆ ನಮ್ಮೊಡನಿದ್ದ ಕಿತ್ತಳೆ ಕೊಡೆ ಸಿಕ್ಕಿತು. ಹಿಂದೆ ಬೇರೆ ಗುಂಪು. ಆಕೆ ನಮ್ಮನ್ನು ನೋಡಿ ಕೈ ಮುಗಿದು, ತನ್ನವರಿಗೆ ಹೇಳತೊಡಗಿದಳು: "ಭಾರತದಲ್ಲಿ ಇದೇ ಕಥೆಯಲ್ಲಿ ಹನುಮಂತ ಬಾಲದಿಂದ ಕೋಟೆ ಕಟ್ಟುತ್ತಾನೆ." ಅಮ್ಮ ತಲೆಯಾಡಿಸಿದಳು. ಸೀನಿನ ವಿಷಯವನ್ನು ಆಕೆ ಎತ್ತಲಿಲ್ಲ.

ಸುತ್ತು ಮುಗಿದಾಗ ಹನ್ನೊಂದು ದಾಟಿತ್ತು. ಅಂದರೆ ಈ ಒಂದು ಪಡಸಾಲೆಗೇ ಅರ್ಧ ದಿನದ ಪ್ರವಾಸವೊಂದು ಬೇಕು. ಯಾರೂ ಅಂಥದ್ದನ್ನು ಮಾರುವುದಿಲ್ಲ.

ಟ್ಯಾಕ್ಸಿ ಹಿಡಿದು ದೈತ್ಯ ಉಯ್ಯಾಲೆಯ ಚೌಕಕ್ಕೆ ಹೋದೆವು. ಉಯ್ಯಾಲೆ ಇಲ್ಲ, ಕೆಂಪು ಬಣ್ಣದ ತೇಗದ ಕಂಬಗಳ ಚೌಕಟ್ಟು ಮಾತ್ರ ಇದೆ. ಹಿಂದೆ ಇಲ್ಲಿ ಗಂಡಸರು ತಂಡಗಳಾಗಿ ಜೀಕುತ್ತಾ, ಬಿದಿರಿನ ತುದಿಗೆ ಕಟ್ಟಿದ ನಾಣ್ಯದ ಚೀಲವನ್ನು ಹಲ್ಲಿನಿಂದ ಕಚ್ಚಿ ಹಿಡಿಯಬೇಕಿತ್ತು. 1935ರ ಹೊತ್ತಿಗೆ ನಿಲ್ಲಿಸಿದರು. ಹತ್ತಿರದಲ್ಲೇ ದೇವಸ್ಥಾನ. ಹೆಸರೇ ಅದು, ದೇವಸ್ಥಾನ. 1784ರಲ್ಲಿ ಮೊದಲನೆಯ ರಾಮ ಕಟ್ಟಿಸಿದ ಮೂರು ಗುಡಿಗಳು: ಶಿವ, ಗಣೇಶ, ನಾರಾಯಣ. ಅರಮನೆಯ ಹೊಳಪಿನ ಮುಂದೆ ಬರೀ ಸುಣ್ಣದ ಗೋಡೆಗಳು. ಬಿಳಿ ಬಟ್ಟೆ, ತಲೆಯಲ್ಲಿ ಜುಟ್ಟು ಇಲ್ಲಿನ ರಾಜಪುರೋಹಿತರ ಗುರುತು. ಪಟ್ಟಾಭಿಷೇಕದಲ್ಲಿ, ಪ್ರತಿ ವರ್ಷ ಮೇ ತಿಂಗಳ ಹೊನ್ನಾರಿನಲ್ಲಿ ವಿಧಿಗಳನ್ನು ನಡೆಸುವವರು ಇವರೇ. ಹೊಸ ವರ್ಷದ ಪೂಜೆಯಲ್ಲಿ ಇವರು ಹೇಳುವ ಮಂತ್ರಗಳಲ್ಲಿ ಸವೆದು ರೂಪ ಬದಲಾದ ತಮಿಳು ಭಕ್ತಿಪದ್ಯಗಳಿವೆ. ಶತಮಾನಗಳ ಹಿಂದೆ ಕಡಲು ದಾಟಿ ಬಂದದ್ದು. ಅರ್ಧ ದಿನದ ಯಾವ ಚೀಟಿಯಲ್ಲೂ ಈ ಜಾಗದ ಹೆಸರಿರಲಿಲ್ಲ. ಗಣೇಶನ ಮುಂದೆ ಒಬ್ಬ ಕಾಲೇಜು ಹುಡುಗ ಬಾಳೆಹಣ್ಣು, ಕೆಂಪು ಸೋಡಾ ಬಾಟಲಿ ಇಟ್ಟು ಪರೀಕ್ಷೆಗೆಂದು ಬೇಡಿಕೊಳ್ಳುತ್ತಿದ್ದ. ಬಾಟಲಿಗೆ ಸ್ಟ್ರಾ ಕೂಡ ಹಾಕಿದ್ದ.

ಸೋಮವಾರ

ಬಂದ ರೈಲಿನಲ್ಲೇ ವಿಮಾನ ನಿಲ್ದಾಣಕ್ಕೆ. ಪಾಸ್‌ಪೋರ್ಟ್ ತಪಾಸಣೆ ದಾಟಿದ ಕೂಡಲೇ ಸಮುದ್ರ ಮಥನದ ಬೃಹತ್ ಶಿಲ್ಪ. ಮಂದರ ಪರ್ವತದ ಮೇಲೆ ನಾರಾಯಣ, ಹಾವಿನ ಉದ್ದಕ್ಕೂ ಒಂದು ಕಡೆ ದೇವತೆಗಳು, ಇನ್ನೊಂದು ಕಡೆ ಅಸುರರು. ಸುಂಕರಹಿತ ಅಂಗಡಿಗಳಿಗೆ ಓಡುವ ಜನ ಅದರ ಸುತ್ತ ನೀರಿನಂತೆ ಹರಿದು ಹೋಗುತ್ತಿದ್ದರು. ಅಮ್ಮ ಸುತ್ತಲೂ ಒಂದು ಬಾರಿ ನಡೆದು ಪರೀಕ್ಷಿಸಿದಳು.

ಅಷ್ಟರಲ್ಲಿ ಇಂದೋರಿನ ಕುಟುಂಬವೊಂದರ ಹುಡುಗ ಇದೇನೆಂದು ಅಪ್ಪನನ್ನು ಕೇಳಿದ. ಅಪ್ಪ ಮೊಬೈಲ್ ತೆಗೆದ. ಅಮ್ಮನಿಗೆ ಅಷ್ಟೇ ಸಾಕಾಯಿತು. ತನ್ನ ಹರಕು ಹಿಂದಿಯಲ್ಲಿ ದೂರ್ವಾಸರ ಶಾಪದಿಂದ ಶುರು ಮಾಡಿದಳು. ಆ ಕುಟುಂಬದ ಹಿಂದೆ ಇನ್ನಿಬ್ಬರು ನಿಂತರು, ಇಬ್ಬರ ಹಿಂದೆ ಮೂವರು. ನಮ್ಮ ಗೇಟು ಕಟ್ಟಡದ ಇನ್ನೊಂದು ತುದಿಯಲ್ಲಿತ್ತು, ಫಲಕದಲ್ಲಿ ವಿಮಾನದ ಮುಂದೆ ದೀಪ ಮಿನುಗತೊಡಗಿತ್ತು. ಹೊರಡೋಣ ನಡಿ ಎಂದೆ.

"ಇನ್ನೂ ವಿಷವೇ ಬಂದಿಲ್ಲ, ಇರು" ಎಂದಳು.